ಎಲ್ಲರ ಪರವಾಗಿ ಒಂದು ದನಿ: ಸಾಮೂಹಿಕ ಚೌಕಾಸಿಯ ಲಾಭ, ನಷ್ಟ

1937ರ ಫೆಬ್ರವರಿ 11. ಅಮೆರಿಕದ ಮಿಷಿಗನ್ ರಾಜ್ಯದ ಫ್ಲಿಂಟ್ ಎಂಬ ಊರಿನಲ್ಲಿ ಜನರಲ್ ಮೋಟಾರ್ಸ್ ಕಾರ್ಖಾನೆಗಳ ಒಳಗೆ 44 ದಿನಗಳಿಂದ ಕೂತಿದ್ದ ಕಾರ್ಮಿಕರು ಅಂದು ಹೊರಬಂದರು. ಅವರು ಕೆಲಸ ನಿಲ್ಲಿಸಿ ಗೇಟಿನ ಆಚೆ ನಿಂತವರಲ್ಲ. ಯಂತ್ರಗಳ ಪಕ್ಕದಲ್ಲೇ ಕೂತು, ಕಾರಿಗೆ ಜೋಡಿಸಬೇಕಿದ್ದ ಸೀಟುಗಳನ್ನೇ ಹಾಸಿಗೆ ಮಾಡಿಕೊಂಡು ಮಲಗಿದವರು. ಜನವರಿಯ ಕೊರೆಯುವ ಚಳಿಯಲ್ಲಿ ಕಂಪನಿ ಒಂದು ಘಟಕಕ್ಕೆ ಶಾಖ ಪೂರೈಸುವುದನ್ನೇ ನಿಲ್ಲಿಸಿತು, ಪೊಲೀಸರು ಅಶ್ರುವಾಯು ಸಿಡಿಸಿದರು. ಒಳಗಿದ್ದವರು ಪೈಪಿನಿಂದ ರಭಸವಾಗಿ ನೀರು ಹಾಯಿಸಿ, ಕಾರಿನ ಬಾಗಿಲಿಗೆ ಹಾಕುವ ಕೀಲುಗಳನ್ನು ಎಸೆದು ತಡೆದರು. ಇಷ್ಟೆಲ್ಲ ಆದ ಮೇಲೆ ಕೈಗೆ ಬಂದ ಒಪ್ಪಂದ ಒಂದೇ ಒಂದು ಪುಟದ್ದು. ಅದರ ತಿರುಳು ಸಂಬಳವೂ ಅಲ್ಲ, ಬೋನಸ್ಸೂ ಅಲ್ಲ. ಇನ್ನು ಮುಂದೆ ಕಂಪನಿ ಸದಸ್ಯ ಕಾರ್ಮಿಕರ ಪರವಾಗಿ ಅವರ ಯೂನಿಯನ್ ಜೊತೆ ಮಾತುಕತೆಗೆ ಕೂರುತ್ತದೆ, ಅಷ್ಟೆ.

"ಕೂತು ಮಾತಾಡುತ್ತೇವೆ" ಎಂಬ ಒಂದು ಮಾತಿಗಾಗಿ ಜನ ಇಷ್ಟು ಕಷ್ಟಪಟ್ಟದ್ದು ಯಾಕೆ ಎಂದು ಅರ್ಥವಾದರೆ ಸಾಮೂಹಿಕ ಚೌಕಾಸಿಯ ಅರ್ಧ ಭಾಗ ಅರ್ಥವಾದಂತೆ. ಉಳಿದರ್ಧ ತುಸು ಕಹಿ. ಹಾಗೆ ಎಲ್ಲರ ಪರವಾಗಿ ಒಬ್ಬರು ಮಾತಾಡತೊಡಗಿದಾಗ ಯಾರ ಮಾತು ಒಳಗೇ ಉಳಿದುಬಿಡುತ್ತದೆ ಎಂಬುದು ಆ ಭಾಗ. ಈ ವ್ಯವಸ್ಥೆಯ ಲಾಭದ ಪಟ್ಟಿ ಒಂದು ಕಡೆ, ನಷ್ಟದ ಪಟ್ಟಿ ಇನ್ನೊಂದು ಕಡೆ ಬರೆಯುವುದು ರೂಢಿ. ನನಗೆ ಅದು ಸರಿ ಕಾಣುವುದಿಲ್ಲ. ಎರಡೂ ಹುಟ್ಟುವುದು ಒಂದೇ ಬೇರಿನಿಂದ.

ಮೊದಲು ಪದದ ಅರ್ಥ ನೋಡೋಣ. ಪ್ರತಿಯೊಬ್ಬ ನೌಕರನೂ ತನ್ನ ಸಂಬಳ, ಕೆಲಸದ ಅವಧಿ, ರಜೆ, ಸುರಕ್ಷತೆಯ ಬಗ್ಗೆ ಮಾಲೀಕರ ಬಳಿ ಬೇರೆ ಬೇರೆಯಾಗಿ ಮಾತಾಡುವ ಬದಲು, ಎಲ್ಲರ ಪರವಾಗಿ ಅವರ ಸಂಘ ಮಾತಾಡಿ ಒಂದೇ ಲಿಖಿತ ಒಪ್ಪಂದ ಮಾಡಿಕೊಳ್ಳುವುದೇ ಸಾಮೂಹಿಕ ಚೌಕಾಸಿ. ಇಂಗ್ಲಿಷಿನಲ್ಲಿ ಈ ಪದವನ್ನು 1891ರಲ್ಲಿ ಮೊದಲು ಬಳಸಿದವರು ಬ್ರಿಟನ್ನಿನ ಬಿಯಾಟ್ರಿಸ್ ವೆಬ್ ಎನ್ನುತ್ತಾರೆ. ಪದ ಬರುವ ಮುಂಚೆಯೇ ಪದ್ಧತಿ ಇತ್ತು. ನಡೆಯುವ ಕ್ರಮ ಎಲ್ಲ ಕಡೆ ಹೆಚ್ಚುಕಡಿಮೆ ಒಂದೇ: ಸಂಘ ಬೇಡಿಕೆ ಪಟ್ಟಿ ಕೊಡುತ್ತದೆ, ಆಡಳಿತ ಮಂಡಳಿ ತನ್ನ ಪ್ರತಿಪ್ರಸ್ತಾಪ ಇಡುತ್ತದೆ, ಸುತ್ತುಗಟ್ಟಲೆ ಮಾತುಕತೆ ನಡೆಯುತ್ತದೆ. ಹೊಂದಿದರೆ ಸಹಿ, ಹೊಂದದಿದ್ದರೆ ಮುಷ್ಕರ ಅಥವಾ ಬೀಗಮುದ್ರೆ (ಮಾಲೀಕರೇ ಕಾರ್ಖಾನೆ ಮುಚ್ಚಿ ಕಾರ್ಮಿಕರನ್ನು ಹೊರಗಿಡುವುದು), ಇಲ್ಲವೇ ಮೂರನೆಯವರ ಸಂಧಾನ. ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ 1949ರ ತನ್ನ 98ನೇ ಒಡಂಬಡಿಕೆಯಲ್ಲಿ ಇದನ್ನು ಹಕ್ಕೆಂದು ಗುರುತಿಸಿತು. ಅಮೆರಿಕ, ಭಾರತ ಎರಡೂ ಅದನ್ನು ಅನುಮೋದಿಸಿಲ್ಲ. ಆದರೂ ಎರಡೂ ಕಡೆ ಸಾಮೂಹಿಕ ಒಪ್ಪಂದಗಳು ಕಾನೂನಿನ ಅಡಿಯಲ್ಲೇ ನಡೆಯುತ್ತಿವೆ.

ಒಬ್ಬೊಬ್ಬರೇ ಕೇಳಿದರೆ ಆಗುವುದಿಲ್ಲವೇ? ಸಾವಿರ ಜನರಿರುವ ಕಾರ್ಖಾನೆಯಲ್ಲಿ ಒಬ್ಬ ಕೆಲಸ ಬಿಟ್ಟರೆ ಕಂಪನಿಗೆ ತಪ್ಪುವುದು ಸಾವಿರದಲ್ಲಿ ಒಂದು ಪಾಲು ದುಡಿಮೆ. ಅವನ ಮನೆಗೆ ತಪ್ಪುವುದು ಪೂರ್ತಿ ಆದಾಯ. ಇಬ್ಬರೂ ಒಳ್ಳೆಯವರೇ ಆಗಿದ್ದರೂ ಈ ಲೆಕ್ಕ ಬದಲಾಗುವುದಿಲ್ಲ. ಕಾಯುವ ಶಕ್ತಿ ಯಾರಿಗಿದೆಯೋ ಚೌಕಾಸಿಯಲ್ಲಿ ಅವರ ಕೈ ಮೇಲು. ಮಾಲೀಕ ತಿಂಗಳುಗಟ್ಟಲೆ ಕಾಯಬಲ್ಲ, ಕೆಲಸಗಾರನಿಗೆ ಮುಂದಿನ ವಾರವೇ ಬಾಡಿಗೆ ಕಟ್ಟಬೇಕು. ಸಾವಿರ ಜನ ಒಟ್ಟಿಗೆ ಕೆಲಸ ನಿಲ್ಲಿಸಿದರೆ ಕಾಯುವ ನೋವು ಎರಡೂ ಕಡೆಗೆ ಬರುತ್ತದೆ. ಫ್ಲಿಂಟಿನವರು ಹಿಡಿದದ್ದು ಈ ಸೂಕ್ಷ್ಮವನ್ನೇ. ಅವರು ಕೂತ ಜಾಗದಲ್ಲಿ ಹಲವು ಮಾದರಿ ಕಾರುಗಳ ಮೈ ಅಚ್ಚೊತ್ತುವ ಅಚ್ಚುಗಳಿದ್ದವು, ಆಮೇಲೆ ಷೆವ್ರೊಲೆ ಎಂಜಿನ್ ಘಟಕವೂ ಅವರ ಕೈಗೆ ಬಂತು. ಆ ಕೆಲವು ಕಟ್ಟಡಗಳು ನಿಂತಾಗ ದೇಶದ ಬೇರೆ ಮೂಲೆಗಳಲ್ಲಿದ್ದ ಜೋಡಣಾ ಘಟಕಗಳೂ ನಿಂತವು.

ಆದರೆ ಸಂಬಳದ ಬಲಾಬಲವನ್ನಷ್ಟೇ ನೋಡಿದರೆ ಮುಖ್ಯವಾದದ್ದೇ ತಪ್ಪಿಹೋಗುತ್ತದೆ. ಬೆಸುಗೆ ಹಾಕುವ ಒಂದು ಶೆಡ್ಡು ಊಹಿಸಿಕೊಳ್ಳಿ. ನಲವತ್ತು ಜನ ವೆಲ್ಡರ್‌ಗಳು, ಹೊಗೆ ಎಳೆಯುವ ಫ್ಯಾನು ಕೆಟ್ಟು ಆರು ತಿಂಗಳಾಗಿದೆ. ಶಿಫ್ಟ್ ಮುಗಿಯುವ ಹೊತ್ತಿಗೆ ಎಲ್ಲರ ಗಂಟಲೂ ಕಟ್ಟಿರುತ್ತದೆ. ಫ್ಯಾನು ಬಂದರೆ ಉಸಿರಾಡುವವರು ನಲವತ್ತು ಜನ. ಆದರೆ ಹೋಗಿ ಕೇಳಿದವನು ಒಬ್ಬನೇ ಸೂಪರ್‌ವೈಸರ್ ಕಣ್ಣಿಗೆ ಬೀಳುತ್ತಾನೆ. ಮುಂದಿನ ತಿಂಗಳು ಅವನ ಓಟಿ ಹೋಗಬಹುದು, ರಾತ್ರಿ ಪಾಳಿ ಅವನ ಪಾಲಿಗೇ ಬರಬಹುದು. ಲಾಭ ಎಲ್ಲರದು, ಅಪಾಯ ಒಬ್ಬನದು. ಹಾಗಾಗಿ ನಲವತ್ತೂ ಜನ ಬೇರೆಯವನು ಕೇಳಲಿ ಎಂದು ಕಾಯುತ್ತಾರೆ, ಫ್ಯಾನು ಕೆಟ್ಟೇ ಇರುತ್ತದೆ. ಬೇಸತ್ತ ಒಬ್ಬ ಕೆಲಸ ಬಿಟ್ಟು ಹೋಗಬಹುದು. ಅವನು ಯಾಕೆ ಹೋದ ಎಂದು ಆಡಳಿತಕ್ಕೆ ಗೊತ್ತೇ ಆಗುವುದಿಲ್ಲ, ಅವನ ಜಾಗಕ್ಕೆ ಬಂದವನೂ ಅದೇ ಹೊಗೆ ಕುಡಿಯುತ್ತಾನೆ.

ಬೆಳಕು, ಗಾಳಿ, ಯಂತ್ರದ ವೇಗ, ಪಾಳಿಯ ಸಮಯ ಇವೆಲ್ಲ ಒಬ್ಬೊಬ್ಬರಿಗೆ ಬೇರೆ ಬೇರೆಯಾಗಿ ಕೊಡಲು ಬರುವಂಥವಲ್ಲ, ಕೊಟ್ಟರೆ ಎಲ್ಲರಿಗೂ ಕೊಟ್ಟ ಹಾಗೆ. ಇಂಥ ವಿಷಯಗಳಲ್ಲಿ ಕೂಡಿ ಕೇಳುವುದರ ಹೊರತು ಒಳ್ಳೆಯ ದಾರಿಯಿಲ್ಲ. ಯಾರಿಗೆ ಓವರ್‌ಟೈಮ್, ಯಾರಿಗೆ ಬಡ್ತಿ, ಯಾವ ತಪ್ಪಿಗೆ ವಜಾ ಎಂಬುದು ಮೇಲ್ವಿಚಾರಕನ ಮರ್ಜಿಯಿಂದ ಬಿಡಿಸಿಕೊಂಡು ಬರಹಕ್ಕಿಳಿಯುವುದೂ ಈ ದಾರಿಯಲ್ಲೇ. ಸಾಮೂಹಿಕ ಒಪ್ಪಂದದಲ್ಲಿ ಸಂಬಳದ ಕೋಷ್ಟಕಕ್ಕಿಂತ ಹೆಚ್ಚು ಬೆಲೆಯುಳ್ಳದ್ದು ಹಲವು ಸಲ ದೂರು ವಿಚಾರಣೆಯ ನಿಯಮ. ಅನ್ಯಾಯವಾಯಿತು ಎಂದವನು ಯಾರಿಗೆ, ಎಷ್ಟು ದಿನದೊಳಗೆ ಬರೆದು ಕೊಡಬೇಕು, ಒಪ್ಪದಿದ್ದರೆ ಮುಂದೆ ಯಾರು ತೀರ್ಮಾನಿಸುತ್ತಾರೆ ಎಂಬುದು ಅಲ್ಲಿರುತ್ತದೆ. ಈ ಸಾಲುಗಳ ಬಲದಿಂದ ತಲೆ ಎತ್ತಿ ಮಾತಾಡಿದ ಜನರ ಬಗ್ಗೆ ನನಗೆ ತುಂಬ ಗೌರವ.

ಮಾಲೀಕರಿಗೆ ಇದರಲ್ಲಿ ನಷ್ಟವೇ ಎಂಬ ಎಣಿಕೆ ಪೂರ್ತಿ ಸರಿಯಲ್ಲ. ಸಾವಿರ ಜನರೊಂದಿಗೆ ಸಾವಿರ ಮಾತು ಆಡುವ ಬದಲು ಒಂದು ಮಾತು ಸಾಕು. ಒಪ್ಪಂದದ ಅವಧಿ ಮುಗಿಯುವವರೆಗೆ ಕೂಲಿಯ ಖರ್ಚು ಎಷ್ಟೆಂದು ಗೊತ್ತಿರುತ್ತದೆ, ಕೆಲಸ ನಿಲ್ಲುವ ಭಯ ಕಡಿಮೆ. ಫ್ಲಿಂಟಿನಲ್ಲಿ ಹೊಡೆದಾಡಿದ ಅದೇ ಕಂಪನಿ, ಅದೇ ಯೂನಿಯನ್ 1950ರಲ್ಲಿ ಐದು ವರ್ಷದ ಒಪ್ಪಂದಕ್ಕೆ ಸಹಿ ಹಾಕಿದವು. ಬೆಲೆ ಏರಿದಂತೆ ಏರುವ ಭತ್ಯೆ, ವರ್ಷವರ್ಷ ಸಂಬಳ ಹೆಚ್ಚಳ, ಪಿಂಚಣಿ, ಆರೋಗ್ಯ ವಿಮೆಯಲ್ಲಿ ಕಂಪನಿಯ ಪಾಲು ಎಲ್ಲ ಅದರಲ್ಲಿದ್ದವು. ಕಂಪನಿಗೆ ಸಿಕ್ಕಿದ್ದು ಐದು ವರ್ಷದ ನೆಮ್ಮದಿ. ಏನು ತಯಾರಿಸಬೇಕು, ಎಲ್ಲಿ ಹಣ ಹೂಡಬೇಕು ಎಂಬ ತೀರ್ಮಾನವೂ ಅದರ ಕೈಯಲ್ಲೇ ಉಳಿಯಿತು. ಅಂದಿನವರು ಅದನ್ನು "ಡೆಟ್ರಾಯಿಟ್ ಶಾಂತಿ ಒಪ್ಪಂದ" ಎನ್ನುವ ಅರ್ಥದಲ್ಲಿ ಕರೆದರು. ಇಡೀ ಒಂದು ಪೀಳಿಗೆಯ ಕಾರ್ಖಾನೆ ಕೆಲಸಗಾರರು ಮಧ್ಯಮವರ್ಗದ ಬದುಕಿಗೆ ಏರಿದ ಮೆಟ್ಟಿಲುಗಳಲ್ಲಿ ಅದೂ ಒಂದು.

ಹಾಗಾದರೆ ಮುಷ್ಕರ ಯಾಕೆ ಆಗುತ್ತದೆ? ಅರ್ಥಶಾಸ್ತ್ರಜ್ಞರನ್ನು ಬಹಳ ಕಾಲ ಕಾಡಿದ ಪ್ರಶ್ನೆ ಇದು. ಮುಷ್ಕರದಲ್ಲಿ ಇಬ್ಬರೂ ಕಳೆದುಕೊಳ್ಳುತ್ತಾರೆ. ಕೊನೆಗೆ ಯಾವ ಅಂಕೆಗೆ ಬಂದು ನಿಲ್ಲುತ್ತೇವೆ ಎಂದು ಇಬ್ಬರಿಗೂ ಮೊದಲೇ ಗೊತ್ತಿದ್ದರೆ ಮೊದಲ ದಿನವೇ ಅಲ್ಲಿಗೆ ಒಪ್ಪಿಬಿಡಬಹುದಿತ್ತು. ಗೊತ್ತಿರುವುದಿಲ್ಲ, ತೊಡಕಿರುವುದೇ ಅಲ್ಲಿ. ಕಂಪನಿ ನಿಜವಾಗಿ ಎಷ್ಟು ಕೊಡಬಲ್ಲದು ಎಂದು ಸಂಘಕ್ಕೆ ತಿಳಿಯದು, ಕಾರ್ಮಿಕರು ಎಷ್ಟು ದಿನ ತಡೆಯಬಲ್ಲರು ಎಂದು ಕಂಪನಿಗೆ ತಿಳಿಯದು. ಆದ್ದರಿಂದ ಲೆಕ್ಕಪುಸ್ತಕ ತೆರೆಯುವುದು ಮುಷ್ಕರ ತಪ್ಪಿಸುವ ಒಳ್ಳೆಯ ಮದ್ದು. 1956ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ಇದಕ್ಕೆ ಹತ್ತಿರದ ಮಾತನ್ನೇ ಹೇಳಿತು. ಸಂಬಳ ಹೆಚ್ಚಿಸಲು ತನ್ನ ಕೈಲಾಗದು ಎಂದು ವಾದಿಸುವ ಕಂಪನಿ, ಕೇಳಿದಾಗ ಅದಕ್ಕೆ ಆಧಾರ ತೋರಿಸದಿದ್ದರೆ ಅದು ಪ್ರಾಮಾಣಿಕ ಮಾತುಕತೆಯಲ್ಲ ಎನ್ನಬಹುದು ಎಂದಿತು. ಎರಡೂ ಕಡೆಯವರು ಗುಟ್ಟು ಬಿಟ್ಟುಕೊಡದೆ ಗತ್ತಿನಲ್ಲೇ ಕೂತರೆ ಸಂಬಳವಿಲ್ಲದ ದಿನಗಳನ್ನು ಎಣಿಸುವುದು ಮನೆಯವರು, ಸೇವೆ ಸಿಗದೆ ಪರದಾಡುವುದು ಈ ಜಗಳಕ್ಕೆ ಸಂಬಂಧವೇ ಇಲ್ಲದ ಜನ. ಬಸ್ಸು, ಆಸ್ಪತ್ರೆ, ಶಾಲೆಗಳ ಮುಷ್ಕರದಲ್ಲಿ ಈ ಮೂರನೆಯವರ ಕಷ್ಟವೇ ಚೌಕಾಸಿಯ ಆಯುಧವಾಗುತ್ತದೆ. ಹಲವು ದೇಶಗಳು ಅಂಥ ಸೇವೆಗಳಿಗೆ ಬೇರೆ ನಿಯಮ ಇಟ್ಟಿರುವುದಕ್ಕೆ ಕಾರಣ ಇದು.

ಇನ್ನು ಬೇರಿನ ಇನ್ನೊಂದು ಕವಲು. ಒಂದೇ ದನಿಯಲ್ಲಿ ಮಾತಾಡಬೇಕೆಂದರೆ ಒಳಗಿನ ಭಿನ್ನ ದನಿಗಳನ್ನು ಒಂದಾಗಿಸಬೇಕು. ಯಾರೋ ಕೆಲವರು ಬಿಟ್ಟುಹೋಗುವುದು ಆ ಹೊತ್ತಿನಲ್ಲೇ. ಅಮೆರಿಕದ ಕಾನೂನಿನಲ್ಲಿ ಬಹುಮತ ಪಡೆದ ಸಂಘ ಆ ಘಟಕದ ಎಲ್ಲರ ಪರವಾಗಿಯೂ ಮಾತಾಡುತ್ತದೆ, ಬೇಡ ಎಂದವರ ಪರವಾಗಿಯೂ. 1940ರ ದಶಕದ ಆರಂಭದಲ್ಲಿ ಅಲ್ಲಿನ ದಕ್ಷಿಣ ಭಾಗದ ರೈಲುಗಳಲ್ಲಿ ಉಗಿ ಎಂಜಿನ್ನಿಗೆ ಕಲ್ಲಿದ್ದಲು ಹಾಕುವ ಫೈರ್‌ಮನ್‌ಗಳಲ್ಲಿ ಬಿಳಿಯರೂ ಇದ್ದರು, ಕರಿಯರೂ ಇದ್ದರು. ಬಿಳಿಯರದೇ ಆದ ಸಂಘ, ಕರಿಯರನ್ನು ಸದಸ್ಯರಾಗಲೂ ಬಿಡದ ಸಂಘ, ಅವರೆಲ್ಲರ ಕಾನೂನುಬದ್ಧ ಪ್ರತಿನಿಧಿಯಾಗಿ ಕಂಪನಿಯೊಂದಿಗೆ ಕೂತು, ಕರಿಯರನ್ನು ಕ್ರಮೇಣ ಆ ಕೆಲಸದಿಂದ ಹೊರಗಿಡುವ ಒಪ್ಪಂದ ಮಾಡಿಕೊಂಡಿತು. ತನ್ನ ಹೆಸರಿನಲ್ಲಿ ಮಾತಾಡಿದವರೇ ತನ್ನ ಅನ್ನ ಕಿತ್ತುಕೊಂಡರು ಎಂದು ಒಬ್ಬ ಫೈರ್‌ಮನ್ ಕೋರ್ಟಿಗೆ ಹೋದ. 1944ರಲ್ಲಿ ಸುಪ್ರೀಂ ಕೋರ್ಟ್ ಅವನ ಪರ ನಿಂತಿತು. ಎಲ್ಲರ ಪರವಾಗಿ ಮಾತಾಡುವ ಅಧಿಕಾರ ಪಡೆದ ಸಂಘಕ್ಕೆ ಎಲ್ಲರನ್ನೂ ನ್ಯಾಯವಾಗಿ ಪ್ರತಿನಿಧಿಸುವ ಕರ್ತವ್ಯವೂ ಇದೆ ಎಂದು ತೀರ್ಪು ಕೊಟ್ಟಿತು.

ಅಷ್ಟು ಕ್ರೂರವಲ್ಲದ ರೂಪಗಳು ಇಂದಿಗೂ ಎಲ್ಲ ಕಡೆ ಕಾಣುತ್ತವೆ. ಸೇವಾ ಹಿರಿತನಕ್ಕೆ ಒತ್ತು ಕೊಟ್ಟ ಒಪ್ಪಂದದಲ್ಲಿ ನಿನ್ನೆ ಸೇರಿದ ಚುರುಕು ಹುಡುಗಿ ಎಷ್ಟೇ ಚೆನ್ನಾಗಿ ದುಡಿದರೂ ಸಾಲಿನ ಕೊನೆಯಲ್ಲೇ. ಕೆಲಸದಿಂದ ತೆಗೆಯುವ ಕಾಲ ಬಂದಾಗ ಮೊದಲು ಹೋಗುವವಳೂ ಅವಳೇ. ಖಾಯಂ ನೌಕರರ ಸಂಘ ತನ್ನವರಿಗೆ ಒಳ್ಳೆಯ ಸಂಬಳ ಗಿಟ್ಟಿಸುತ್ತದೆ, ಕಂಪನಿ ಅದನ್ನು ಸರಿದೂಗಿಸಲು ಹೊಸಬರನ್ನು ಗುತ್ತಿಗೆಯ ಮೇಲೆ ತೆಗೆದುಕೊಳ್ಳುತ್ತದೆ. ಇಬ್ಬರೂ ಒಂದೇ ಯಂತ್ರದ ಎರಡು ಬದಿಯಲ್ಲಿ ನಿಂತು ಒಂದೇ ಕೆಲಸ ಮಾಡುತ್ತಾರೆ, ಸಂಬಳದ ಚೀಟಿಯಲ್ಲಿ ಬರುವ ಅಂಕೆ ಮಾತ್ರ ಬೇರೆ.

ಜನರಲ್ ಮೋಟಾರ್ಸ್‌ನಲ್ಲಿ ಇದು ಒಪ್ಪಂದದ ಒಳಗೇ ನುಗ್ಗಿತು. 1950ರಿಂದ ಕೂಡುತ್ತ ಬಂದ ಪಿಂಚಣಿ, ನಿವೃತ್ತರ ಆರೋಗ್ಯ ವೆಚ್ಚದ ಹೊರೆ, ಜೊತೆಗೆ ಹೊರಗಿನ ಕಂಪನಿಗಳ ಪೈಪೋಟಿ, ತನ್ನದೇ ತಪ್ಪು ತೀರ್ಮಾನಗಳು ಎಲ್ಲ ಸೇರಿ ಕಂಪನಿ ಬಳಲಿತ್ತು. 2007ರ ಒಪ್ಪಂದದಲ್ಲಿ ಯೂನಿಯನ್ ಒಂದು ಕಷ್ಟದ ಮಾತಿಗೆ ತಲೆಯಾಡಿಸಿತು: ಇನ್ನು ಮುಂದೆ ಸೇರುವ ಹಲವರಿಗೆ ಸಂಬಳ ಹಳಬರ ಸುಮಾರು ಅರ್ಧ, ಹಳೆಯ ರೀತಿಯ ಪಿಂಚಣಿಯೂ ಇಲ್ಲ. ಆ ಹೊಸಬರು ಆಗಿನ್ನೂ ಕೆಲಸಕ್ಕೇ ಸೇರಿರಲಿಲ್ಲ, ಮತ ಹಾಕಲು ಅಲ್ಲಿ ಇರಲಿಲ್ಲ. 2009ರ ಜೂನ್ 1ರಂದು ಕಂಪನಿ ದಿವಾಳಿ ರಕ್ಷಣೆ ಕೋರಿದಾಗ ಹಳಬರೂ ಬೆಲೆ ಏರಿಕೆಯ ಭತ್ಯೆಯನ್ನು ಬಿಟ್ಟುಕೊಟ್ಟಿದ್ದರು. ದಿವಾಳಿಗೆ ಯೂನಿಯನ್ನೇ ಕಾರಣ ಎನ್ನುವುದು ಅನ್ಯಾಯ. ಇಡೀ ದೇಶ ಹೊರಬೇಕಿದ್ದ ಆರೋಗ್ಯ, ಪಿಂಚಣಿಯ ಭಾರವನ್ನು ಒಂದೊಂದು ಕಂಪನಿಯ ತಲೆಗೆ ಕಟ್ಟಿದ್ದೇ ಆ ಒಪ್ಪಂದಗಳ ದೊಡ್ಡ ದೋಷ ಎಂದು ನನಗೆ ಅನ್ನಿಸುತ್ತದೆ.

ದನಿ ಯಾರದ್ದು ಎಂಬ ಪ್ರಶ್ನೆ ತಪ್ಪಿದರೆ ಎಷ್ಟು ದೊಡ್ಡ ಅನಾಹುತವಾದೀತು ಎನ್ನುವುದಕ್ಕೆ ಮುಂಬಯಿಯ ಬಟ್ಟೆ ಗಿರಣಿಗಳಿವೆ. 1982ರ ಜನವರಿ 18ರಂದು ದತ್ತಾ ಸಾಮಂತ್ ಮುಂದಾಳುತನದಲ್ಲಿ ಸುಮಾರು ಎರಡೂವರೆ ಲಕ್ಷ ಕಾರ್ಮಿಕರು ಮುಷ್ಕರಕ್ಕಿಳಿದರು. ಸಂಬಳ, ಬೋನಸ್ ಜೊತೆಗೆ ಇನ್ನೊಂದು ಬೇಡಿಕೆಯೂ ಇತ್ತು: ತಮ್ಮ ಪರ ಮಾತಾಡುವುದು ತಾವು ನಂಬುವ ಸಂಘವಾಗಬೇಕು. ಅಲ್ಲಿನ ಕಾನೂನಿನಂತೆ ಗಿರಣಿ ಕಾರ್ಮಿಕರ ಪರ ಮಾತಾಡುವ ಹಕ್ಕು ರಾಷ್ಟ್ರೀಯ ಮಿಲ್ ಮಜ್ದೂರ್ ಸಂಘವೊಂದಕ್ಕೇ ಇತ್ತು. ಬೀದಿಗಿಳಿದ ಕಾರ್ಮಿಕರು ಅದನ್ನು ತಮ್ಮ ಸಂಘವೆಂದು ಒಪ್ಪಿರಲಿಲ್ಲ. ಕಾನೂನು ಗುರುತಿಸಿದ ದನಿ ಒಂದು, ಜನ ನಂಬಿದ ದನಿ ಇನ್ನೊಂದು, ಹೀಗಾದಾಗ ಮಾತುಕತೆಗೆ ಕೂರುವವರು ಯಾರು? ಮುಷ್ಕರ ವರ್ಷ ದಾಟಿತು. ಅಷ್ಟರಲ್ಲಿ ಬಟ್ಟೆಯ ಕೆಲಸ ಪವರ್‌ಲೂಮ್‌ಗಳ ಕಡೆ ಹರಿಯುತ್ತಿತ್ತು. ಹಲವು ಗಿರಣಿಗಳು ಮತ್ತೆ ಚೇತರಿಸಿಕೊಳ್ಳಲೇ ಇಲ್ಲ, ಅಸಂಖ್ಯ ಕುಟುಂಬಗಳು ಬೀದಿಗೆ ಬಂದವು. ಸೊರಗುತ್ತಿರುವ ಉದ್ಯಮದಲ್ಲಿ ಕೆಲಸ ನಿಲ್ಲಿಸುವುದು ಮಾಲೀಕನಿಗೆ ನೋವೇ ಕೊಡದಿರಬಹುದು ಎಂಬ ಕಠೋರ ಲೆಕ್ಕವೂ ಇದರೊಳಗಿದೆ.

ಸಂಬಳ ಹೆಚ್ಚಿದರೆ ಉದ್ಯೋಗ ಕಡಿಮೆಯಾಗುತ್ತದೆ ಎಂಬ ಆಕ್ಷೇಪವನ್ನೂ ಇಲ್ಲಿ ಮುಗಿಸಿಬಿಡೋಣ. ಹತ್ತಾರು ಕಂಪನಿಗಳು ಒಂದೇ ಕೆಲಸಗಾರನಿಗಾಗಿ ಪೈಪೋಟಿ ನಡೆಸುವ ಮಾರುಕಟ್ಟೆಯಲ್ಲಿ ಅದು ನಿಜವಾಗಬಹುದು. ಆದರೆ ಸುತ್ತಮುತ್ತ ಕೆಲಸ ಕೊಡುವವನು ಒಬ್ಬನೇ ಆದರೆ ಅವನು ಸಂಬಳವನ್ನು ದುಡಿಮೆಯ ಬೆಲೆಗಿಂತ ಕೆಳಗೇ ಇಡಬಲ್ಲ. ಅರ್ಥಶಾಸ್ತ್ರಜ್ಞೆ ಜೋನ್ ರಾಬಿನ್ಸನ್ 1933ರಲ್ಲಿ ಇಂಥ ಏಕೈಕ ಕೊಳ್ಳುಗನ ಮಾರುಕಟ್ಟೆಯನ್ನು ಬಿಡಿಸಿ ತೋರಿಸಿದರು. ಅಲ್ಲಿ ಕೂಡಿ ಚೌಕಾಸಿ ಮಾಡಿ ಸಂಬಳ ಏರಿಸಿದರೂ ಒಂದು ಮಿತಿಯವರೆಗೆ ಉದ್ಯೋಗ ಕುಗ್ಗಬೇಕಿಲ್ಲ, ಹೆಚ್ಚಲೂಬಹುದು. ಎಲ್ಲ ಕಡೆಗೂ ಹೊಂದುವ ಒಂದೇ ಉತ್ತರ ಇಲ್ಲ.

ಹೆಚ್ಚು ಕುತೂಹಲದ ಪ್ರಶ್ನೆ, ಚೌಕಾಸಿ ಯಾವ ಮಟ್ಟದಲ್ಲಿ ನಡೆಯಬೇಕು ಎಂಬುದು. ಅಮೆರಿಕದಲ್ಲಿ ಅದು ಬಹುಪಾಲು ಒಂದೊಂದು ಕಂಪನಿ, ಒಂದೊಂದು ಘಟಕದಲ್ಲಿ ನಡೆಯುತ್ತದೆ. ಯೂನಿಯನ್ ಸದಸ್ಯರು ಹತ್ತರಲ್ಲಿ ಒಬ್ಬರ ಆಸುಪಾಸು, ಒಪ್ಪಂದದ ನೆರಳು ಬೀಳುವುದೂ ಹೆಚ್ಚುಕಡಿಮೆ ಅಷ್ಟೇ ಜನರ ಮೇಲೆ. ಫ್ರಾನ್ಸಿನಲ್ಲೂ ಸದಸ್ಯರು ಸುಮಾರು ಅಷ್ಟೇ. ಆದರೆ ಅಲ್ಲಿ ಇಡೀ ಉದ್ಯಮಕ್ಕೆ ಒಂದು ಒಪ್ಪಂದವಾಗಿ, ಸರ್ಕಾರ ಅದನ್ನು ಸಹಿ ಹಾಕದ ಕಂಪನಿಗಳಿಗೂ ವಿಸ್ತರಿಸುವುದರಿಂದ ಹತ್ತರಲ್ಲಿ ಒಂಬತ್ತಕ್ಕೂ ಹೆಚ್ಚು ನೌಕರರು ಯಾವುದಾದರೊಂದು ಒಪ್ಪಂದದ ಅಡಿಯಲ್ಲಿ ಬರುತ್ತಾರೆ. ಸ್ವೀಡನ್ನಿನಲ್ಲಿ ಮಾಲೀಕರ ಒಕ್ಕೂಟವೂ ಕಾರ್ಮಿಕರ ಒಕ್ಕೂಟವೂ 1938ರಲ್ಲಿ ಸಾಲ್ಟ್‌ಶೋಬಾಡೆನ್ ಎಂಬಲ್ಲಿ ಕೂತು ಜಗಳದ ನಿಯಮಗಳನ್ನು ತಾವೇ ಬರೆದುಕೊಂಡವು. ಇಂದಿಗೂ ಅಲ್ಲಿ ಕನಿಷ್ಠ ವೇತನದ ಕಾಯ್ದೆಯೇ ಇಲ್ಲ, ಆ ಕೆಲಸವನ್ನು ಒಪ್ಪಂದಗಳೇ ಮಾಡುತ್ತವೆ.

ವ್ಯಾಪ್ತಿ ಅಗಲವಾದಷ್ಟೂ ಹೊರಗೆ ಉಳಿಯುವವರು ಕಡಿಮೆ. ಇನ್ನೊಂದು ಗುಣವೂ ಇದೆ. ಒಂದೇ ಉದ್ಯಮದ ಗಟ್ಟಿ ಸಂಘ ತನ್ನ ಸಂಬಳ ಏರಿಸಿಕೊಂಡು ಬೆಲೆ ಏರಿಕೆಯನ್ನು ಬೇರೆಯವರ ತಲೆಗೆ ಹಾಕಬಹುದು. ಇಡೀ ದೇಶದ ಪರವಾಗಿ ಕೂತ ಒಕ್ಕೂಟ ಹಾಗೆ ಮಾಡಿದರೆ ಆ ಬೆಲೆಯನ್ನು ತನ್ನ ಸದಸ್ಯರೇ ತೆರಬೇಕು, ಹಾಗಾಗಿ ಅದು ಹಿಡಿತದಿಂದ ಕೇಳುತ್ತದೆ. 1988ರಲ್ಲಿ ಅರ್ಥಶಾಸ್ತ್ರಜ್ಞರಾದ ಲಾರ್ಸ್ ಕಾಲ್ಮ್‌ಫೋರ್ಸ್ ಮತ್ತು ಜಾನ್ ಡ್ರಿಫಿಲ್ ಈ ವಾದ ಮಂಡಿಸಿದರು: ತೀರ ಕೆಳಮಟ್ಟದ ಚೌಕಾಸಿಗೆ ಮಾರುಕಟ್ಟೆಯ ಪೈಪೋಟಿ ಲಗಾಮು ಹಾಕುತ್ತದೆ, ತೀರ ಮೇಲಿನದಕ್ಕೆ ದೇಶದ ಹಿತ ಲಗಾಮು ಹಾಕುತ್ತದೆ, ತೊಂದರೆ ಇರುವುದು ನಡುವಿನ ಮಟ್ಟದಲ್ಲಿ. ಆಮೇಲಿನ ಅಧ್ಯಯನಗಳು ಇದನ್ನು ಪೂರ್ತಿ ಒಪ್ಪಿಲ್ಲವಾದರೂ ಯೋಚಿಸುವ ದಾರಿ ಒಳ್ಳೆಯದು.

ಅಗಲ ಒಪ್ಪಂದಕ್ಕೂ ಅದರದೇ ಕಷ್ಟವಿದೆ. ದೊಡ್ಡ ಕಂಪನಿಗೆ ಸುಲಭವಾದ ಸಂಬಳ ಹತ್ತು ಜನರ ಸಣ್ಣ ಘಟಕವನ್ನು ಮುಳುಗಿಸಬಹುದು. ಜರ್ಮನಿಯ ಲೋಹ ಉದ್ಯಮದ ಸಂಘ ಐಜಿ ಮೆಟಾಲ್ ಮತ್ತು ಮಾಲೀಕರ ಒಕ್ಕೂಟ 2004ರಲ್ಲಿ ಫೋರ್ಟ್ಸ್‌ಹೈಮ್‌ನಲ್ಲಿ ಇದಕ್ಕೊಂದು ಕಿಟಕಿ ತೆರೆದವು. ಉದ್ಯೋಗ ಉಳಿಸಲು ಬೇಕಾದರೆ ಒಂದು ಕಂಪನಿ ಇಡೀ ಉದ್ಯಮದ ಒಪ್ಪಂದದಿಂದ ತುಸು ಸರಿಯಬಹುದು, ಆದರೆ ಒಕ್ಕೂಟಗಳ ಒಪ್ಪಿಗೆಯೊಂದಿಗೆ.

ಕೂಡಿ ಚೌಕಾಸಿ ಮಾಡುವುದೆಂದರೆ ಬರೀ ಹೆಚ್ಚು ಕೇಳುವುದು ಎಂದುಕೊಂಡವರು ಫೋಕ್ಸ್‌ವಾಗನ್‌ನಲ್ಲಿ 1993ರಲ್ಲಿ ಆದದ್ದನ್ನು ನೋಡಬೇಕು. ಬೇಡಿಕೆ ಕುಸಿದು ಸುಮಾರು 30 ಸಾವಿರ ಜನ ಹೆಚ್ಚುವರಿ ಎಂದು ಕಂಪನಿ ಹೇಳಿತು. ಅಷ್ಟು ಜನರನ್ನು ಹೊರಗೆ ಹಾಕುವ ಬದಲು ಎಲ್ಲರ ಕೆಲಸದ ವಾರವನ್ನು 36 ಗಂಟೆಯಿಂದ 28.8 ಗಂಟೆಗೆ ಇಳಿಸುವುದೆಂದು ಒಪ್ಪಂದವಾಯಿತು. ವರ್ಷದ ಆದಾಯ ಕಡಿಮೆಯಾಯಿತು. ಆದರೆ ವರ್ಷಕ್ಕೊಮ್ಮೆ ಕೊಡುತ್ತಿದ್ದ ಮೊತ್ತಗಳನ್ನು ತಿಂಗಳುಗಳಿಗೆ ಹಂಚಿ ತಿಂಗಳ ಸಂಬಳ ಇಳಿಯದಂತೆ ನೋಡಿಕೊಂಡರು. ನನ್ನ ಸಂಬಳ ಕಡಿಮೆ ಮಾಡಿ ಪಕ್ಕದವನನ್ನು ಉಳಿಸಿಕೊಳ್ಳಿ ಎಂದು ಒಬ್ಬ ನೌಕರ ಒಬ್ಬನೇ ಹೋಗಿ ಹೇಳಿದರೆ, ಪಕ್ಕದವನು ಉಳಿಯುತ್ತಾನೆ ಎಂಬ ಖಾತರಿ ಅವನಿಗೆ ಕೊಡುವವರಾರು? ಒಟ್ಟಾಗಿ ಬಿಟ್ಟುಕೊಡುವ ಶಕ್ತಿಯೂ ಒಟ್ಟಾಗಿ ಕೇಳುವ ಶಕ್ತಿಯಷ್ಟೇ ದೊಡ್ಡದು.

ಕಾನೂನು ಇನ್ನೂ ಕಣ್ಣುಜ್ಜಿಕೊಳ್ಳುವ ಹೊತ್ತಿಗೆ ಚೌಕಾಸಿ ಹೊಸ ಪ್ರಶ್ನೆಗೆ ಉತ್ತರ ಕಂಡುಕೊಳ್ಳುವುದೂ ಉಂಟು. 2023ರಲ್ಲಿ ಹಾಲಿವುಡ್ಡಿನ ಚಿತ್ರಕಥೆಗಾರರು 148 ದಿನ ಮುಷ್ಕರ ಹೂಡಿ ಪಡೆದ ಒಪ್ಪಂದದಲ್ಲಿ ಕೃತಕ ಬುದ್ಧಿಮತ್ತೆಯನ್ನು ಲೇಖಕ ಎಂದು ಗಣಿಸುವಂತಿಲ್ಲ, ಅದನ್ನು ಬಳಸಲೇಬೇಕೆಂದು ಲೇಖಕರನ್ನು ಒತ್ತಾಯಿಸುವಂತಿಲ್ಲ ಎಂಬ ಷರತ್ತುಗಳಿವೆ.

ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಅಮೆರಿಕದ ಮೂರು ದೊಡ್ಡ ಕಾರು ಕಂಪನಿಗಳಲ್ಲೂ ಮುಷ್ಕರ ಶುರುವಾಯಿತು. ಮುಖ್ಯ ಸಿಟ್ಟು ಹಳಬರಿಗೊಂದು, ಹೊಸಬರಿಗೊಂದು ಎಂಬ 2007ರ ಆ ಎರಡು ದರ್ಜೆಯ ಸಂಬಳದ ಮೇಲೆ. ಹೊಸ ಒಪ್ಪಂದದಲ್ಲಿ 2028ರ ಏಪ್ರಿಲ್‌ವರೆಗಿನ ಅವಧಿಗೆ ಶೇ 25ರಷ್ಟು ಹೆಚ್ಚಳ, ಬಿಟ್ಟುಕೊಟ್ಟಿದ್ದ ಬೆಲೆ ಏರಿಕೆ ಭತ್ಯೆಯ ಮರಳಿಕೆ ಸೇರಿದವು. ಗರಿಷ್ಠ ಸಂಬಳ ಮುಟ್ಟಲು ಬೇಕಿದ್ದ 8 ವರ್ಷ 3 ವರ್ಷಕ್ಕೆ ಇಳಿಯಿತು. ಕೆಲವೇ ವಾರಗಳಲ್ಲಿ ಯೂನಿಯನ್ ಇಲ್ಲದ ಟೊಯೊಟಾ, ಹೋಂಡಾ, ಹ್ಯುಂಡೈ ಕಂಪನಿಗಳೂ ಅಲ್ಲಿನ ತಮ್ಮ ಕಾರ್ಖಾನೆಗಳಲ್ಲಿ ಸಂಬಳ ಏರಿಸಿದವು. ಒಪ್ಪಂದದ ಹೊರಗೆ ನಿಂತವರಿಗೂ ಅದರ ಲಾಭ ತಟ್ಟಿತು. ಹೊಸಬರು ಹೆಚ್ಚು ಗಳಿಸಿದರು, ದಶಕಗಟ್ಟಲೆ ದುಡಿದ ಹಳಬರಲ್ಲಿ ಅಸಮಾಧಾನ ಉಳಿಯಿತು. ಹಳೆಯ ಪಿಂಚಣಿ ಎಲ್ಲರಿಗೂ ಮರಳಲಿಲ್ಲ. ಜನರಲ್ ಮೋಟಾರ್ಸ್‌ನಲ್ಲಿ ಒಪ್ಪಂದವನ್ನು ಮತಕ್ಕೆ ಹಾಕಿದಾಗ ಒಪ್ಪಿದವರು ಶೇ 55ರಷ್ಟು ಮಾತ್ರ. ಫ್ಲಿಂಟ್‌ನ ಜೋಡಣಾ ಘಟಕದ ಕಾರ್ಮಿಕರು ಅದನ್ನು ಸಣ್ಣ ಅಂತರದಲ್ಲಿ ತಿರಸ್ಕರಿಸಿದರು. ಒಟ್ಟು ಎಣಿಕೆಯಲ್ಲಿ ಒಪ್ಪಂದ ಗೆದ್ದಿತ್ತು, ಹಾಗಾಗಿ ಮರುದಿನದಿಂದ ಅವರೂ ಅದರ ಅಡಿಯಲ್ಲೇ ಕೆಲಸಕ್ಕೆ ನಿಂತರು.